ಕಣೆ ಎಸೆಯದ ಕಣೆಹಂದಿ



ಊರಿಗಾಮಿಗೆ ಲೋಕದಲ್ಲಿ ಹೆಸರು ತಂದುಕೊಟ್ಟದ್ದು ಅಗೆತ. 1880ರ ದಶಕದಿಂದ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿಯ ಆಡಳಿತದಲ್ಲಿ ಬೆಳೆದ ಚಿನ್ನದ ಅಗೆತವು ಚಾಂಪಿಯನ್ ರೀಫ್ ಗಣಿಯಲ್ಲಿ ಮೂರು ಕಿಲೋಮೀಟರಿಗೂ ಮಿಗಿಲಾದ ಆಳವನ್ನು ಮುಟ್ಟಿತು; 2001ರ ಫೆಬ್ರವರಿ 28ರಂದು ನಿಂತಿತು. ಇದೇ ಸೀಮೆಯ ಬಂಡೆಗುಡ್ಡಗಳಲ್ಲಿ, ಕುರುಚಲು ಕಾಡಿನಲ್ಲಿ, ಕಂಪನಿ ಬರುವುದಕ್ಕೆ ಎಷ್ಟೋ ಕಾಲ ಮೊದಲಿನಿಂದ ಅಗೆಯುತ್ತಿದ್ದು ಇಂದಿಗೂ ಅಗೆತವನ್ನು ನಿಲ್ಲಿಸದ ಒಂದು ಜೀವಿಯಿದೆ. ಅದು ಹುಡುಕುವುದು ಗೆಡ್ಡೆಗೆಣಸನ್ನು. ಅದರ ಗುಳಿ ಗೇಣು ಎರಡು ಗೇಣಿಗಿಂತ ಆಳಕ್ಕೆ ಇಳಿಯುವುದು ಅಪರೂಪ. ಆ ಜೀವಿಯೇ ಮುಳ್ಳುಹಂದಿ.

ಮೂರು ಭಾಷೆಗಳು ಒಂದೇ ಬೀದಿಯಲ್ಲಿ ಕೇಳಿಬರುವ ಈ ನಾಡಿನಲ್ಲಿ ಅದರ ಹೆಸರು ಮಾತ್ರ ಒಂದೇ ಬಗೆಯದು. ಕನ್ನಡಿಗರಿಗೆ ಮುಳ್ಳುಹಂದಿ, ತಮಿಳರಿಗೆ ಮುಳ್ಳಂಪನ್ರಿ, ತೆಲುಗರಿಗೆ ಮುಳ್ಳಪಂದಿ. ಇಂಗ್ಲಿಷಿನ ಪಾರ್ಕ್ಯುಪೈನ್ ಎಂಬ ಪದದ ಲ್ಯಾಟಿನ್ ಬೇರಿನಲ್ಲಿಯೂ ಹಂದಿ ಮತ್ತು ಮುಳ್ಳುಗಳೇ ಇವೆ. ಎಲ್ಲರೂ ಸೇರಿ ಹಂದಿಯೆಂದ ಈ ಪ್ರಾಣಿ ಹಂದಿಯ ಕುಲಕ್ಕೆ ಸೇರಿದ್ದಲ್ಲ. ಇಲಿ, ಅಳಿಲುಗಳ ದಂಶಕ ಕುಲದ್ದು. ಕನ್ನಡದಲ್ಲಿ ಅದಕ್ಕೆ ಕಣೆಹಂದಿ ಎಂಬ ಇನ್ನೊಂದು ಹೆಸರೂ ಉಂಟು. ಕಣೆಯೆಂದರೆ ಬಾಣ. ಬೆನ್ನಿನ ಮುಳ್ಳುಗಳನ್ನು ಬಾಣದಂತೆ ಎಸೆಯುತ್ತದೆಂಬ ನಂಬಿಕೆ ಆ ಹೆಸರಿನೊಡನೆ ಹೆಣೆದುಕೊಂಡಿದೆ. ಇದು ನಿಜವಲ್ಲ. ಯಾವ ಮುಳ್ಳುಹಂದಿಯೂ ಮುಳ್ಳನ್ನು ಎಸೆಯಲಾರದು. ಸಂಸ್ಕೃತದಲ್ಲಿ ಹೆಸರಿಟ್ಟವರು ಹೆಚ್ಚು ಹತ್ತಿರದಿಂದ ನೋಡಿದ್ದರೆಂದು ತೋರುತ್ತದೆ. ಅವರು ಅದನ್ನು ಶ್ವಾವಿಧ ಎಂದರು. ನಾಯಿಯನ್ನು ಚುಚ್ಚುವಂಥದು ಎಂದರ್ಥ. ನಾಯಿ ಸಾಕಿದ ರೈತನಿಗೆ ಈ ಹೆಸರನ್ನು ವಿವರಿಸಬೇಕಾಗಿಲ್ಲ.

ಮುಳ್ಳು ಎಂದರೇನು? ಅದು ರೂಪಾಂತರಗೊಂಡ ಕೂದಲು. ನಮ್ಮ ಉಗುರು, ದನದ ಕೊಂಬಿನ ಹೊರಕವಚ ಯಾವ ಕೆರಾಟಿನ್ ಎಂಬ ವಸ್ತುವಿನಿಂದ ಆಗಿವೆಯೋ ಮುಳ್ಳೂ ಅದರಿಂದಲೇ ಆಗಿದೆ. ಕತ್ತು ಮತ್ತು ಭುಜದ ಮೇಲಿನವು ನೀಳವಾಗಿ, ಬಳುಕುವಂತಿರುತ್ತವೆ. ಬೆದರಿದಾಗ ಜುಟ್ಟಿನಂತೆ ನಿಮಿರಿ ಪ್ರಾಣಿಯನ್ನು ಇದ್ದುದಕ್ಕಿಂತ ದೊಡ್ಡದಾಗಿ ಕಾಣಿಸುತ್ತವೆ. ನಿಜವಾದ ಆಯುಧಗಳು ಬೆನ್ನಿನ ಹಿಂಭಾಗದಲ್ಲಿ, ಆ ನೀಳ ಮುಳ್ಳುಗಳ ಮರೆಯಲ್ಲಿವೆ: ಗಿಡ್ಡವಾದ, ದಪ್ಪನೆಯ, ಸೂಜಿಮೊನೆಯ ಮುಳ್ಳುಗಳು. ಬಾಲದ ತುದಿಯಲ್ಲಿ ಮೂರನೆಯ ಬಗೆಯವು ಇವೆ. ಒಳಗೆ ಟೊಳ್ಳಾಗಿ, ತುದಿ ತೆರೆದಿರುವ ಅವು ಚುಚ್ಚುವುದಕ್ಕೆ ಬಾರವು. ಬಾಲವನ್ನು ಅದುರಿಸಿದಾಗ ಗಿಲಕಿಯಂತೆ ಸದ್ದು ಮಾಡುವುದಷ್ಟೇ ಅವುಗಳ ಕೆಲಸ.

ಮುಳ್ಳುಹಂದಿಯ ರಕ್ಷಣೆಯೆಲ್ಲ ಈ ಸದ್ದಿನಿಂದ ಆರಂಭವಾಗುತ್ತದೆ. ಶತ್ರು ಎದುರಾದಾಗ ಅದು ಮೊದಲು ಎಚ್ಚರಿಸುತ್ತದೆ: ಮುಳ್ಳು ನಿಮಿರಿಸುತ್ತದೆ, ಗಿಲಕಿಯಾಡಿಸುತ್ತದೆ, ಹಿಂಗಾಲನ್ನು ನೆಲಕ್ಕೆ ಬಡಿಯುತ್ತದೆ, ಗುರುಗುಡುತ್ತದೆ. ಇಷ್ಟಕ್ಕೆ ಶತ್ರು ಹಿಂದೆಗೆದರೆ ತನ್ನ ದಾರಿ ಹಿಡಿಯುತ್ತದೆ. ಹಿಂದೆಗೆಯದಿದ್ದರೆ ಬೆನ್ನು ತಿರುಗಿಸಿ, ರಭಸದಿಂದ ಹಿಮ್ಮುಖವಾಗಿ ನುಗ್ಗುತ್ತದೆ. ಬೆನ್ನು ತೋರಿಸುವುದು ಸೋಲಿನ ಗುರುತೆಂಬ ಮನುಷ್ಯರ ಲೆಕ್ಕ ಇಲ್ಲಿ ತಲೆಕೆಳಗಾಗುತ್ತದೆ. ಸಡಿಲವಾಗಿ ನಾಟಿಕೊಂಡಿರುವ ಮುಳ್ಳು ಶತ್ರುವಿನ ಮೈಯಲ್ಲಿ ಉಳಿದು ಕಿತ್ತುಬರುತ್ತದೆ. ಎಸೆದ ಹಾಗೆ ಕಾಣುವುದು ಇದರಿಂದಲೇ. ಕಳಚಿದ ಮುಳ್ಳಿನ ಜಾಗದಲ್ಲಿ ಮತ್ತೆ ಮುಳ್ಳು ಬೆಳೆಯುತ್ತದೆ.

ಹದಿನೈದು ಕಿಲೋ ತೂಗುವ ಪ್ರಾಣಿಯ ಈ ಆಯುಧ ಎಷ್ಟು ದೂರದವರೆಗೆ ಪರಿಣಾಮ ಬೀರಬಲ್ಲದೆಂಬುದಕ್ಕೆ ಜಿಮ್ ಕಾರ್ಬೆಟ್ ಕುಮಾವೂಂ ಪ್ರದೇಶದಿಂದ ಒಂದು ದಾಖಲೆಯನ್ನು ಬಿಟ್ಟುಹೋಗಿದ್ದಾರೆ. ಮುಕ್ತೇಶ್ವರದ ಹೆಣ್ಣುಹುಲಿಯೊಂದು ಮುಳ್ಳುಹಂದಿಯ ಮೇಲೆರಗಿ ಒಂದು ಕಣ್ಣನ್ನು ಕಳೆದುಕೊಂಡಿತು. ಅದರ ಬಲ ಮುಂಗಾಲಿನಲ್ಲಿ ಐವತ್ತರಷ್ಟು ಮುಳ್ಳುಗಳು ಹೂತಿದ್ದವು. ಕೆಲವು ಮೂಳೆಗೆ ತಗುಲಿ ಒಳಗೇ ಬಾಗಿ ಹಿಂದಕ್ಕೆ ತಿರುಗಿದ್ದವು. ಹಸಿವಿನಿಂದ ಕಂಗೆಟ್ಟು ಹುಲ್ಲಿನಲ್ಲಿ ಮಲಗಿದ್ದ ಆ ಹುಲಿ, ಅಲ್ಲಿಗೆ ಹುಲ್ಲು ಕೊಯ್ಯಲು ಬಂದ ಹೆಣ್ಣುಮಗಳನ್ನು ಕೊಂದಿತು, ಮುಂದೆ ನರಭಕ್ಷಕವಾಯಿತು. ಮುಳ್ಳುಹಂದಿಗೂ ಆ ಹೆಣ್ಣುಮಗಳಿಗೂ ಏನು ಸಂಬಂಧವೆಂದು ಕೇಳಿದರೆ ಕಾಡಿನ ಲೆಕ್ಕ ಹೀಗೆ ಸುತ್ತಿಬಳಸಿ ಸಾಗುತ್ತದೆ.

ಹುಲಿ ಚಿರತೆಗಳನ್ನು ತಡೆಯುವ ಈ ಉಪಾಯ ಮನುಷ್ಯನ ಮುಂದೆ ನಿಲ್ಲುವುದಿಲ್ಲ. ಹೆದರಿಸಿ ನಿಲ್ಲಬೇಕೆಂಬುದು ಅದಕ್ಕೆ ಹುಟ್ಟಿನಿಂದ ಬಂದ ಪಾಠ. ತಂತಿಯ ಉರುಳಿಗೆ ಗಿಲಕಿ ಕೇಳಿಸದು. ಬಿಲದ ಬಾಯಲ್ಲಿ ಇಟ್ಟ ಹೊಗೆಗೆ ಮುಳ್ಳು ಚುಚ್ಚದು. ಇರುಳಿನಲ್ಲಿ ರಸ್ತೆ ದಾಟುವಾಗ ದೀಪ ಹೊತ್ತಿಸಿಕೊಂಡು ಬರುವ ಲಾರಿಯೆದುರು ಮುಳ್ಳು ನಿಮಿರಿಸಿ ನಿಂತರೆ ಆಗುವುದೇನೆಂಬುದನ್ನು ಹೇಳಬೇಕಾಗಿಲ್ಲ. ಮಾಂಸದ ಆಸೆಗೆ, ಇಲ್ಲವೇ ಬೆಳೆ ಹಾಳಾದ ಸಿಟ್ಟಿಗೆ ಅದನ್ನು ಕೊಲ್ಲುವವರಿಗೆ ಧೈರ್ಯದ ಅಗತ್ಯವೇ ಬೀಳುವುದಿಲ್ಲ.

ಅದರ ಸಂಸಾರವನ್ನು ತಿಳಿದವರಿಗೆ ಈ ಹೊಗೆಯ ವಿಚಾರ ಇನ್ನಷ್ಟು ಭಾರವಾಗಿ ತೋರೀತು. ಮುಳ್ಳುಹಂದಿಗಳು ಜೋಡಿಯಾಗಿ ಬಾಳುತ್ತವೆ. ಗಂಡು, ಹೆಣ್ಣು, ಮರಿಗಳು ಒಂದೇ ಬಿಲದಲ್ಲಿರುತ್ತವೆ. ಬಂಡೆಯ ಸಂದು ಸಿಕ್ಕರೆ ಅದೇ ಮನೆ. ಇಲ್ಲದಿದ್ದರೆ ತಾನೇ ತೋಡುತ್ತದೆ. ಹದಿನೆಂಟು ಮೀಟರ್ ಉದ್ದದ ಸುರಂಗ, ಕೊನೆಯಲ್ಲಿ ಕೋಣೆ ಇದ್ದ ಬಿಲವೂ ಕಂಡುಬಂದಿದೆ. ಮರಿಗಳು ಕಣ್ಣು ತೆರೆದೇ ಹುಟ್ಟುತ್ತವೆ. ಹುಟ್ಟುವಾಗ ಮೃದುವಾಗಿರುವ ಮುಳ್ಳು ಬಲುಬೇಗ ಗಟ್ಟಿಯಾಗುತ್ತದೆ. ಹಾಗಿಲ್ಲದಿದ್ದರೆ ತಾಯಿಯ ಗತಿ ಏನಾಗುತ್ತಿತ್ತೆಂದು ಹಳ್ಳಿಯ ಹೆಂಗಸರು ನಗುತ್ತಾ ಕೇಳುವುದುಂಟು, ಪ್ರಶ್ನೆ ಸರಿಯಾದದ್ದೇ.

ವಾಸವಿರುವ ಬಿಲವನ್ನು ಗುರುತಿಸಲು ವಿದ್ಯಾರ್ಥಿಗಳಿಗೆ ಒಂದು ಸುಲಭದ ದಾರಿಯಿದೆ. ಬಾಯಲ್ಲಿ ಉದುರಿದ ಮುಳ್ಳುಗಳ ಜೊತೆಗೆ ಮೂಳೆಯ ಚೂರುಗಳು ಬಿದ್ದಿರುತ್ತವೆ. ಸಸ್ಯಾಹಾರಿಯ ಮನೆಯಂಗಳದಲ್ಲಿ ಮೂಳೆ ಏಕೆ? ದಂಶಕಗಳ ಬಾಚಿಹಲ್ಲು ಜೀವಮಾನವಿಡೀ ಬೆಳೆಯುತ್ತಲೇ ಇರುವುದರಿಂದ ಅದನ್ನು ಸವೆಸುತ್ತಿರಬೇಕು. ಮೂಳೆಯಿಂದ ಸುಣ್ಣದಂಶವೂ ದೊರೆಯುತ್ತದೆ. ಸತ್ತ ದನದ ಮೂಳೆಯನ್ನು ಎಳೆದುತಂದು ಕಡಿಯುವುದು ಇದಕ್ಕಾಗಿ. ಮೂಳೆಯ ಮೇಲೆ ಉಳಿಯಿಂದ ಕೆತ್ತಿದಂತಹ ಅಗಲವಾದ, ಜೋಡಿ ಗೀರುಗಳು ಕಾಣುತ್ತವೆ. ನೋಡಿದ ಮೇಲೆ ಬಿಲಕ್ಕೆ ಕೈಹಾಕದೆ ಹಿಂದಿರುಗುವುದು ಲೇಸು.

ಈಗ ಅಗೆತದ ವಿಚಾರ. ನಮ್ಮ ಗುಡ್ಡಗಳಲ್ಲಿರುವ ಪ್ರಭೇದವೇ ಪಶ್ಚಿಮಕ್ಕೆ ಇಸ್ರೇಲಿನವರೆಗೂ ಹಬ್ಬಿದೆ. ಅಲ್ಲಿನ ನೆಗೆವ್ ಮರುಭೂಮಿಯಲ್ಲಿ ಗುಟ್ಟರ್‌ಮನ್ ಎಂಬ ಸಸ್ಯವಿಜ್ಞಾನಿ ಮುಳ್ಳುಹಂದಿ ಗೆಡ್ಡೆಗಾಗಿ ತೋಡಿದ ಗುಳಿಗಳನ್ನು ಅಧ್ಯಯನ ಮಾಡಿದರು. ಗಟ್ಟಿನೆಲದ ಮೇಲೆ ಹರಿದುಹೋಗುವ ಮಳೆನೀರು ಗುಳಿಯಲ್ಲಿ ನಿಲ್ಲುತ್ತದೆ. ಗಾಳಿ ತಂದ ಬೀಜ, ಎಲೆ, ಮಣ್ಣು ಅಲ್ಲಿ ಸೇರುತ್ತವೆ. ಸುತ್ತಲಿನ ನೆಲಕ್ಕಿಂತ ಗುಳಿಯಲ್ಲಿ ಸಸಿಗಳು ಹೆಚ್ಚಾಗಿ ಹುಟ್ಟುತ್ತವೆ. ವರ್ಷಗಳು ಕಳೆದಂತೆ ಗುಳಿ ತುಂಬಿ ಮಟ್ಟವಾಗುತ್ತದೆ. ಅಷ್ಟರಲ್ಲಿ ಬೇರೆಡೆ ಹೊಸ ಗುಳಿಗಳು ಬಿದ್ದಿರುತ್ತವೆ. ಇಂಗುಗುಂಡಿ ತೋಡಿಸಲು ಸರ್ಕಾರ ಕೂಲಿ ಕೊಡುವ ಈ ಜಿಲ್ಲೆಯಲ್ಲಿ ಕೂಲಿ ಕೇಳದೆ ಆ ಕೆಲಸವನ್ನು ಮಾಡುವ ಪ್ರಾಣಿಯೊಂದು ಇರುಳೆಲ್ಲ ಓಡಾಡುತ್ತಿದೆ. ಮನುಷ್ಯರ ಅಗೆತ ಬಿಟ್ಟುಹೋದ ಸೈನೈಡ್ ದಿಬ್ಬಗಳ ಮಾತು ಬೇರೆ. ಅವುಗಳಲ್ಲಿ ಹದಿಮೂರನ್ನು, ಒಟ್ಟು ಸಾವಿರ ಎಕರೆಯಷ್ಟನ್ನು, ಮತ್ತೆ ಬಗೆದು ಚಿನ್ನ ತೆಗೆಯುವ ಪ್ರಸ್ತಾವಕ್ಕೆ ರಾಜ್ಯ ಸಂಪುಟ 2024ರ ಜೂನ್‌ನಲ್ಲಿ ಒಪ್ಪಿಗೆ ನೀಡಿತು. ದಿಬ್ಬದಲ್ಲಿ ಉಳಿದ ಚಿನ್ನಕ್ಕೆ ಲೆಕ್ಕವಿದೆ. ಅದರ ಸುತ್ತಣ ಕುರುಚಲಿನಲ್ಲಿ ಬಾಳುವ ಜೀವಿಗಳನ್ನು ಲೆಕ್ಕಕ್ಕೆ ತೆಗೆದುಕೊಳ್ಳಬೇಕೆಂದು ಕೇಳುವ ಹಕ್ಕು ಇಲ್ಲಿನ ಜನರಿಗೂ ಇದೆ.

ಆದರೆ ರೈತನ ನಷ್ಟವನ್ನು ಮರೆಮಾಚಿ ಮುಳ್ಳುಹಂದಿಯ ಗುಣಗಾನ ಮಾಡುವುದು ಪ್ರಾಮಾಣಿಕತೆಯಲ್ಲ. ಆಲೂಗಡ್ಡೆ, ಗೆಣಸು, ಕಡಲೆಕಾಯಿ ಅದಕ್ಕೆ ಬಲು ಇಷ್ಟ. ತಿನ್ನುವುದಕ್ಕಿಂತ ಕೆದಕಿ ಕೆಡಿಸುವುದೇ ಹೆಚ್ಚೆಂದು ರೈತರು ದೂರುತ್ತಾರೆ. ಎಳೆಯ ತೆಂಗಿನ ಸಸಿಯನ್ನು ಬುಡದಲ್ಲೇ ಕಡಿದುಹಾಕಿದರೆ ಒಂದೇ ರಾತ್ರಿಯಲ್ಲಿ ಮೂರು ವರ್ಷದ ಆರೈಕೆ ಮಣ್ಣುಪಾಲು. ಗುಡ್ಡವನ್ನು ಜಲ್ಲಿಗಾಗಿ ಸಿಡಿಸಿದಾಗ ಬಿಲ ಕಳೆದುಕೊಂಡ ಪ್ರಾಣಿಗಳು ಹೊಲದ ಬದುವಿಗೆ ಇಳಿದರೆ ಅದರ ಬೆಲೆ ತೆರುವವನು ಕ್ರಷರಿನ ಒಡೆಯನಲ್ಲ, ಪಕ್ಕದ ಹೊಲದವನು.

ಇಲ್ಲಿಯೂ ನೆಗೆವ್‌ನ ಅನುಭವ ಉಪಯೋಗಕ್ಕೆ ಬರುತ್ತದೆ. ಅಲ್ಲಿ ಆಲೂಗಡ್ಡೆ ಹೊಲಗಳಿಗೆ ನುಗ್ಗುವ ಮುಳ್ಳುಹಂದಿಗಳ ಚಲನವಲನವನ್ನು ಗಮನಿಸಿದ ಆಲ್ಕನ್ ಮತ್ತು ಸಾಲ್ಟ್ಸ್ ಎಂಬ ಸಂಶೋಧಕರು, ಅವು ಬೆಳದಿಂಗಳಿಗೆ ಹಿಂಜರಿಯುತ್ತವೆಂದು 1988ರಲ್ಲಿ ಪ್ರಕಟಿಸಿದರು. ಹಾಗಾದರೆ ಇಡೀ ತಿಂಗಳು ನಿದ್ದೆಗೆಡುವ ಬದಲು ಅಮಾವಾಸ್ಯೆಯ ಆಚೀಚಿನ ರಾತ್ರಿಗಳಲ್ಲಿ, ಗೆಡ್ಡೆ ಬಲಿಯುವ ಕಾಲಕ್ಕೆ, ಸರದಿಯಂತೆ ಕಾವಲಿದ್ದರೆ ಶ್ರಮ ಕಡಿಮೆಯಾದೀತು. ಬೇಲಿ ಹಾಕುವವರು ನೆಲದ ಮೇಲೆ ಎತ್ತರ ಮಾಡಿ ಪ್ರಯೋಜನವಿಲ್ಲ. ಅದು ಹಾರುವ ಪ್ರಾಣಿಯಲ್ಲ, ತೋಡುವ ಪ್ರಾಣಿ. ತಂತಿಬಲೆಯ ಕೆಳ ಅಂಚನ್ನು ಒಂದು ಅಡಿಯಷ್ಟು ಹೂಳಿ, ಹೊರಗಡೆಗೆ ಮಡಿಚಿರಬೇಕು. ತೆಂಗಿನ ಸಸಿಯ ಬುಡಕ್ಕೆ ಹಳೆಯ ತಗಡು ಸುತ್ತಿದರೂ ಸಾಕಷ್ಟು ರಕ್ಷಣೆ ದೊರೆಯುತ್ತದೆ. ಉರುಳು, ಸಿಡಿಮದ್ದುಗಳನ್ನು ಇಡುವುದು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಂತೆ ಅಪರಾಧ. ಅದಕ್ಕಿಂತ ಮುಖ್ಯವಾದ ಮಾತೆಂದರೆ ಅವು ಮೇಯಲು ಬಂದ ಹಸುವನ್ನೂ ಮುಳ್ಳುಹಂದಿಯನ್ನೂ ಬೇರೆ ಮಾಡಿ ನೋಡವು.

ಸೀಮಂತದಲ್ಲಿ ಗರ್ಭಿಣಿಯ ಬೈತಲೆ ತೆಗೆಯಲು ಮೂರು ಬಿಳಿಯ ಪಟ್ಟೆಗಳಿರುವ ಮುಳ್ಳು ಬೇಕೆಂದು ಗೃಹ್ಯಸೂತ್ರಗಳು ಹೇಳುತ್ತವೆ. ಮನೆಯಲ್ಲಿ ತಲೆಮಾರಿನಿಂದ ಬಂದ ಒಂದು ಮುಳ್ಳನ್ನೇ ಬಳಸುತ್ತ ಬಂದವರಿದ್ದಾರೆ. ಹೊಸದನ್ನು ದುಡ್ಡು ಕೊಟ್ಟು ಕೊಳ್ಳುವವರಿಗೆ ಅದು ಉದುರಿದ್ದೋ, ಕೊಂದು ಕಿತ್ತದ್ದೋ ತಿಳಿಯುವ ಬಗೆಯಿಲ್ಲ, ಕೊಳ್ಳದಿರುವುದೇ ಸರಿ.

ಕೊನೆಯದಾಗಿ ನಾಯಿ ಸಾಕಿದವರಿಗೆ ಒಂದು ಮಾತು. ಅಮೆರಿಕದ ಮುಳ್ಳುಹಂದಿಯ ಮುಳ್ಳಿಗೆ ಗಾಳದಂತೆ ಹಿಮ್ಮುಖದ ಕೊಕ್ಕೆಗಳಿವೆ. ನಮ್ಮದರ ಮುಳ್ಳು ನುಣುಪು. ನಾಯಿಯ ಮೂತಿಗೆ ಚುಚ್ಚಿಕೊಂಡಿದ್ದರೆ ಅದನ್ನು ಅಲುಗದಂತೆ ಹಿಡಿದು, ಮುಳ್ಳು ಹೊಕ್ಕ ದಿಕ್ಕಿನಲ್ಲೇ ನೇರವಾಗಿ ಹೊರಗೆಳೆಯಬೇಕು. ಕತ್ತರಿಸಬಾರದು, ತಿರುಚಬಾರದು. ತುದಿ ಒಳಗೆ ಮುರಿದಿದ್ದರೆ, ಕಣ್ಣಿನ ಬಳಿ ಅಥವಾ ಎದೆಗೆ ನಾಟಿದ್ದರೆ, ಕೈಹಾಕದೆ ಪಶುವೈದ್ಯರ ಬಳಿಗೆ ಕರೆದೊಯ್ಯಬೇಕು. ಮುಂದಿನ ಕೆಲವು ರಾತ್ರಿಗಳು ನಾಯಿಯನ್ನು ಕಟ್ಟಿಹಾಕಿರುವುದು ಒಳ್ಳೆಯದು. ಮುಳ್ಳುಹಂದಿ ಅದೇ ಜಾಡಿನಲ್ಲಿ ಮತ್ತೆ ಬರುತ್ತದೆ.