ಹೋರಾಟದ ದೃಶ್ಯಗಳು ನಾಳೆ ಎಲ್ಲಿ ಸಿಗುತ್ತವೆ?

(ಚನ್ನರಾಯಪಟ್ಟಣದಲ್ಲಿ ಗ್ರಾಮಸ್ಥರು ಹಾಗೂ ವಿದ್ಯಾರ್ಥಿಗಳ ಮುಂದೆ ಆಡಿದ ಮಾತುಗಳ ಬರಹರೂಪ)



ಈ ಹೋಬಳಿಯ 13 ಹಳ್ಳಿಗಳ 1,777 ಎಕರೆ ಭೂಮಿಯನ್ನು ಕೈಗಾರಿಕೆಗಾಗಿ ಸ್ವಾಧೀನಪಡಿಸಿಕೊಳ್ಳುವ ಯತ್ನದ ವಿರುದ್ಧ 2022ರ ಏಪ್ರಿಲ್‌ನಲ್ಲಿ ಆರಂಭವಾದ ಧರಣಿ ಮೂರು ವರ್ಷ ಮೀರಿ ನಡೆಯಿತು. 2025ರ ಜುಲೈ 15ರಂದು ಮುಖ್ಯಮಂತ್ರಿ ಸಿದ್ದರಾಮಯ್ಯನವರು ಸ್ವಾಧೀನ ಕೈಬಿಡುವುದಾಗಿ ಘೋಷಿಸಿದರು. ಇಪ್ಪತ್ತು ವರ್ಷಗಳ ತರುವಾಯ ಯಾರಾದರೂ ಇದರ ಸಾಕ್ಷ್ಯಚಿತ್ರ ಮಾಡಹೊರಟರೆ ಅವರು ಯಾರ ಬಾಗಿಲು ತಟ್ಟಬೇಕು?

ಸಾಕ್ಷ್ಯಚಿತ್ರಗಳಿಗೆ ಹಳೆಯ ದೃಶ್ಯ ಹುಡುಕಿಕೊಡುವುದೇ ಒಂದು ವೃತ್ತಿ. ಪುಣೆಯಲ್ಲಿ 1964ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ, 1948ರಲ್ಲಿ ಹುಟ್ಟಿದ ಫಿಲ್ಮ್ಸ್ ಡಿವಿಜನ್‌ನ ವಾರ್ತಾಚಿತ್ರಗಳು, ಟಿವಿ ವಾಹಿನಿಗಳ ಕಪಾಟುಗಳು, ಮದುವೆ ವಿಡಿಯೋ ತೆಗೆಯುವವರ ಅಟ್ಟ, ಎಲ್ಲವನ್ನೂ ಜಾಲಾಡಬೇಕು. ದೃಶ್ಯ ಸಿಕ್ಕಿದರೆ ಅರ್ಧ ಕೆಲಸವಷ್ಟೇ. ಅದು ಯಾವ ದಿನದ್ದು, ಯಾವ ಊರಿನದು, ಹಕ್ಕು ಯಾರದು ಎಂಬುದನ್ನು ಖಚಿತಪಡಿಸಿಕೊಂಡು, ಎಷ್ಟು ಸೆಕೆಂಡು, ಎಲ್ಲೆಲ್ಲಿ ಪ್ರದರ್ಶನಕ್ಕೆ ಎಂದು ಲೆಕ್ಕ ಹಾಕಿ ಅನುಮತಿ ಪಡೆಯಬೇಕು. ಬೇರೊಂದು ಊರಿನ ಲಾಠಿ ಪ್ರಹಾರವನ್ನು ತಂದು ನಮ್ಮೂರಿನದೆಂದು ತೋರಿಸುವವರೂ ಉಂಟು. ಇದು ಶುದ್ಧ ಸುಳ್ಳು. ಎದುರಾಳಿಯ ಕೈಗೆ ನಾವೇ ಕೊಡುವ ಕೋಲು.

ಹುಡುಕಿದ್ದೆಲ್ಲ ಸಿಗುತ್ತದೆಂಬ ಭರವಸೆಯೂ ಇಲ್ಲ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನ' 1934ರಲ್ಲಿ ತೆರೆಕಂಡಿತು. ಇಂದು ಅದರ ಪ್ರತಿ ಲಭ್ಯವಿಲ್ಲ. ಆ ಕಾಲದ ನೈಟ್ರೇಟ್ ಸುರುಳಿಗಳು ಕಿಡಿ ಸೋಕಿದರೆ ಧಗ್ಗನೆ ಉರಿಯುವಂಥವು. 2003ರ ಜನವರಿಯಲ್ಲಿ ಪುಣೆಯಲ್ಲಿ ಬಿದ್ದ ಬೆಂಕಿ ಅಂಥ ನೂರಾರು ಚಿತ್ರಗಳನ್ನು ನುಂಗಿತು. 1983ರಲ್ಲಿ ಶಿರಸಿಯ ಸಾಲ್ಕಣಿಯವರು ಮರಗಳನ್ನು ಅಪ್ಪಿಕೊಂಡಾಗ ಎಲ್ಲರ ಕೈಯಲ್ಲಿ ಕ್ಯಾಮೆರಾ ಇರಲಿಲ್ಲ. ನಿಮ್ಮ ಕಾಲದಲ್ಲಿ ಇದೆ. ಆದರೆ ನಿಮ್ಮ ದಾಖಲೆಗೆ ಬೆಂಕಿಯೇ ಬೇಕಿಲ್ಲ; ಫೋನ್ ಒಡೆದರೆ ಸಾಕು, ಮೆಮೊರಿ ಕಾರ್ಡ್ ಕೆಟ್ಟರೆ ಸಾಕು.

ವಾಟ್ಸ್ಆ್ಯಪ್‌ನಲ್ಲಿ ಸಾಮಾನ್ಯ ರೀತಿಯಲ್ಲಿ ಕಳುಹಿಸಿದ ವಿಡಿಯೋ ಕುಗ್ಗುತ್ತದೆ. ಯಾವಾಗ, ಎಲ್ಲಿ ತೆಗೆದದ್ದೆಂಬ ಗುರುತೂ ಅಳಿಸಿಹೋಗುತ್ತದೆ. ಹತ್ತು ಕೈ ದಾಟಿ ಬಂದ ಪ್ರತಿಯನ್ನು ಯಾರೂ ಸಾಕ್ಷ್ಯವೆಂದು ಒಪ್ಪಲಾರರು. ಆದಕಾರಣ ತೆಗೆದವರ ಫೋನಿನಿಂದಲೇ ಮೂಲ ಕಡತವನ್ನು ಕೇಬಲ್ ಮೂಲಕ ಇಳಿಸಿಕೊಳ್ಳಿ. ಎರಡು ಹಾರ್ಡ್ ಡಿಸ್ಕ್‌ಗಳಲ್ಲಿಟ್ಟು, ಎರಡನ್ನೂ ಬೇರೆ ಬೇರೆ ಮನೆಗಳಲ್ಲಿಡಿ. ಕೆಲವು ವರ್ಷಗಳಿಗೊಮ್ಮೆ ಹೊಸ ಡಿಸ್ಕಿಗೆ ವರ್ಗಾಯಿಸಿ. ಹಿಂದಿನ ವಿಎಚ್‌ಎಸ್, ಮಿನಿ ಡಿವಿ ಕ್ಯಾಸೆಟ್ ಮನೆಯಲ್ಲಿದ್ದರೆ ಅದು ಮೊದಲು: ಟೇಪು ಬೂಸ್ಟು ಹಿಡಿಯುತ್ತದೆ, ಅದನ್ನು ಓಡಿಸುವ ಯಂತ್ರಗಳು ವರ್ಷದಿಂದ ವರ್ಷಕ್ಕೆ ಅಪರೂಪವಾಗುತ್ತಿವೆ.

ವಿದ್ಯಾರ್ಥಿಗಳಿಗೆ ನನ್ನ ವಿನಂತಿ ಒಂದು ನೋಟ್‌ಬುಕ್ಕಿನದು. ಪ್ರತಿ ವಿಡಿಯೋಗೂ ದಿನಾಂಕ, ಸ್ಥಳ, ತೆಗೆದವರ ಹೆಸರು, ಎಷ್ಟನೆಯ ನಿಮಿಷದಲ್ಲಿ ಏನಿದೆ ಎಂದು ಬರೆಯಿರಿ. ಧರಣಿಯಲ್ಲಿ ಕುಳಿತ ಅಜ್ಜಿ ಯಾವ ಹಳ್ಳಿಯವರು, ಅವರ ಹೊಲದಲ್ಲಿ ರಾಗಿಯೋ ದ್ರಾಕ್ಷಿಯೋ, ಇದು ಕ್ಯಾಮೆರಾಕ್ಕೆ ಗೊತ್ತಿಲ್ಲ, ಊರಿನವರಿಗಷ್ಟೇ ಗೊತ್ತು. ತೋರಿಸಲು ಅವರ ಒಪ್ಪಿಗೆಯಿದೆಯೇ ಎಂಬುದನ್ನೂ ಅದೇ ಪುಟದಲ್ಲಿ ನಮೂದಿಸಿ. ಹೊರಗಿನವರು ದೃಶ್ಯ ಕೇಳಿಕೊಂಡು ಬಂದಾಗ ಮೂಲವನ್ನು ಕೊಡಬೇಡಿ, ಪ್ರತಿಯನ್ನು ಕೊಡಿ. ಯಾವ ಚಿತ್ರಕ್ಕೆಂದು ಬರೆಸಿಕೊಳ್ಳಿ.