ನಷ್ಟದ ಖಾತೆ: ಯೂಜೀನ್ ಮೇಯರ್ ಮತ್ತು ಒಂದು ಪತ್ರಿಕೆ



ದುಡಿದ ಹಣದಲ್ಲಿ ಒಂದು ಪಾಲನ್ನು ಇನ್ನು ಮುಟ್ಟುವುದಿಲ್ಲವೆಂದು ತೆಗೆದಿಟ್ಟು, ಅದರ ಬಡ್ಡಿಯಲ್ಲಿ ವರ್ಷಕ್ಕೊಮ್ಮೆ ನಾಲ್ಕು ಒಳ್ಳೆಯ ಮಾತು ನಡೆಯಲಿ ಎಂದು ಬಯಸುವವರು ದತ್ತಿ ಇಡುತ್ತಾರೆ. ಅಂಥ ದತ್ತಿ ಉಪನ್ಯಾಸದ ವೇದಿಕೆಯಲ್ಲಿ ಹಣ ಮತ್ತು ಪತ್ರಿಕೆಯ ಸಂಬಂಧದ ಬಗ್ಗೆಯೇ ಮಾತಾಡಬೇಕು ಅನ್ನಿಸಿತು. ನಾನು ಆರಿಸಿಕೊಂಡಿರುವುದು ಅಮೆರಿಕದ ಒಬ್ಬ ಹೂಡಿಕೆ ಬ್ಯಾಂಕರನ ಕಥೆ. ಷೇರುಪೇಟೆಯಲ್ಲಿ ಕೋಟಿ ಗಳಿಸಿದ ಆತ ದಿವಾಳಿ ಎದ್ದ ದಿನಪತ್ರಿಕೆಯೊಂದನ್ನು ಹರಾಜಿನಲ್ಲಿ ಕೊಂಡ.

ಹರಾಜಿನಿಂದಲೇ ಶುರು ಮಾಡುತ್ತೇನೆ. 1933ರ ಜೂನ್ 1. ವಾಷಿಂಗ್ಟನ್ ನಗರದ 'ಇ' ಬೀದಿಯಲ್ಲಿದ್ದ 'ವಾಷಿಂಗ್ಟನ್ ಪೋಸ್ಟ್' ಕಟ್ಟಡದ ಮೆಟ್ಟಿಲ ಮೇಲೆ ಜನ ನೆರೆದಿದ್ದರು. ಮಾಲೀಕ ನೆಡ್ ಮೆಕ್ಲೀನ್ ಅಪ್ಪನಿಂದ ಬಂದ ಆಸ್ತಿಯನ್ನು ಕರಗಿಸಿ ಕೂತಿದ್ದ. ಅಚ್ಚಿನ ಕಾಗದದ ಬಾಕಿ ತೀರಿಸಲೂ ಪತ್ರಿಕೆಯ ಬಳಿ ಹಣವಿರಲಿಲ್ಲ. ಅವನಿಂದ ದೂರವಾಗಿದ್ದ ಹೆಂಡತಿ ಇವಲಿನ್ ಕಪ್ಪು ಉಡುಪು ತೊಟ್ಟು, ಲೋಕಪ್ರಸಿದ್ಧವಾದ ಹೋಪ್ ವಜ್ರವನ್ನು ಕೊರಳಿಗೆ ಹಾಕಿಕೊಂಡು ಬಂದಿದ್ದಳು. ಮಕ್ಕಳಿಗಾಗಿ ಪತ್ರಿಕೆಯನ್ನು ಉಳಿಸಿಕೊಳ್ಳಬೇಕೆಂಬ ಆಸೆ ಅವಳದು. ಅವಳ ಕೂಗು 6 ಲಕ್ಷ ಡಾಲರಿಗೆ ನಿಂತಿತು. ಪತ್ರಿಕೆಗಳ ಸಾಮ್ರಾಟ ಹರ್ಸ್ಟ್‌ನ ಕಡೆಯವರು 8 ಲಕ್ಷದವರೆಗೂ ಬಂದು ಸುಮ್ಮನಾದರು. ಜಾರ್ಜ್ ಹ್ಯಾಮಿಲ್ಟನ್ ಎಂಬ ವಕೀಲರು 8 ಲಕ್ಷ 25 ಸಾವಿರ ಎಂದರು. ಹರಾಜು ಅವರಿಗೇ ನಿಂತಿತು. ಯಾರ ಪರವಾಗಿ ಕೂಗಿದಿರಿ ಎಂದರೆ ವಕೀಲರು ಬಾಯಿ ಬಿಡಲಿಲ್ಲ. ಕೊಂಡವರು ಯೂಜೀನ್ ಮೇಯರ್ ಎಂದು ಊರಿಗೆ ತಿಳಿದದ್ದು 13ನೇ ತಾರೀಖು.

ಇದೇ ಪತ್ರಿಕೆಗೆ 1929ರಲ್ಲಿ ಮೇಯರ್ 50 ಲಕ್ಷ ಡಾಲರ್ ಕೊಡಲು ಮುಂದೆ ಬಂದಿದ್ದರು. ಆಗ ಕೊಡುವುದಿಲ್ಲ ಎಂದಿದ್ದ ಪತ್ರಿಕೆ ನಾಲ್ಕು ವರ್ಷದಲ್ಲಿ ಆರನೇ ಒಂದು ಪಾಲು ಬೆಲೆಗೆ ಕೈಗೆ ಬಂತು. ಬ್ಯಾಂಕರನ ಲೆಕ್ಕದಲ್ಲಿ ಇದು ಭರ್ಜರಿ ವ್ಯಾಪಾರ. ಆದರೆ ಅವರು ಕೊಂಡದ್ದು ಏನನ್ನು? ಪ್ರಸಾರ ಸುಮಾರು 50 ಸಾವಿರ. ರಾಜಧಾನಿಯ ಐದು ಪತ್ರಿಕೆಗಳಲ್ಲಿ ಐದನೆಯದು. ಜಾಹೀರಾತುದಾರರೆಲ್ಲ ಸಂಜೆಯ 'ಸ್ಟಾರ್' ಪತ್ರಿಕೆಯ ಬಾಗಿಲಲ್ಲಿದ್ದರು.

ಇಂಥ ಪತ್ರಿಕೆಗೆ ಕೈಹಾಕಿದ ಮನುಷ್ಯ ಎಲ್ಲಿಂದ ಬಂದವರು ಎಂಬುದನ್ನು ಸ್ವಲ್ಪ ಹೇಳಬೇಕು. ಮೇಯರ್ ಹುಟ್ಟಿದ್ದು 1875ರಲ್ಲಿ, ಲಾಸ್ ಏಂಜಲೀಸ್‌ನಲ್ಲಿ. ತಂದೆ ಫ್ರಾನ್ಸಿನ ಆಲ್ಸೇಸ್ ಕಡೆಯ ಯಹೂದಿ, ಲಜಾರ್ಡ್ ಬ್ಯಾಂಕಿನಲ್ಲಿ ಪಾಲುದಾರ. ಇಪ್ಪತ್ತೊಂದು ತುಂಬುವವರೆಗೆ ಸಿಗರೇಟು ಮುಟ್ಟದಿದ್ದರೆ 600 ಡಾಲರ್ ಕೊಡುತ್ತೇನೆ ಎಂದು ಅಪ್ಪ ಮಾತು ಕೊಟ್ಟಿದ್ದರು. ಮಗ ಮುಟ್ಟಲಿಲ್ಲ. ಸಿಕ್ಕ ಹಣವನ್ನು ಷೇರಿಗೆ ಹಾಕಿ ಬೆಳೆಸಿ, 1901ರಲ್ಲಿ ನ್ಯೂಯಾರ್ಕ್ ಷೇರುಪೇಟೆಯಲ್ಲಿ ಒಂದು ಸ್ಥಾನವನ್ನೇ ಕೊಂಡುಕೊಂಡರು. ಮನೆತನದ ಬ್ಯಾಂಕಿನಲ್ಲಿ ಬೆಚ್ಚಗೆ ಕೂರುವ ಬದಲು ಸ್ವಂತ ಸಂಸ್ಥೆ ಕಟ್ಟಿದರು. ಕಂಪನಿಗಳ ಬಗ್ಗೆ ಅಧ್ಯಯನ ಮಾಡಲೆಂದೇ ತಮ್ಮ ಸಂಸ್ಥೆಯಲ್ಲಿ ಒಂದು ವಿಭಾಗ ತೆರೆದರು. ಪೇಟೆಯೆಲ್ಲ ಗಾಳಿಸುದ್ದಿ, ಒಳಸುದ್ದಿಗಳ ಮೇಲೆ ನಡೆಯುತ್ತಿದ್ದ ದಿನಗಳವು. ವರದಿಗಾರಿಕೆಯನ್ನು ಅವರು ಕಲಿತದ್ದು ಅಲ್ಲಿಯೇ ಎಂದು ನಾನು ನಂಬಿದ್ದೇನೆ. ಸಂಗತಿ ಏನು, ಯಾರು ಹೇಳಿದರು, ಅದಕ್ಕೆ ಆಧಾರವೇನು ಎಂದು ಕೇಳುವ ಅಭ್ಯಾಸ ಸುದ್ದಿಮನೆಗೆ ಎಷ್ಟು ಬೇಕೋ ಹಣ ಹೂಡುವವನಿಗೂ ಅಷ್ಟೇ ಬೇಕು.

ಎಳೆ ವಯಸ್ಸಿನಲ್ಲಿಯೇ ಮೇಯರ್ ತಮ್ಮ ಬದುಕಿಗೆ ಒಂದು ನಕ್ಷೆ ಹಾಕಿಕೊಂಡಿದ್ದರು. ಇಪ್ಪತ್ತರವರೆಗೆ ಕಲಿಕೆ, ನಲವತ್ತರವರೆಗೆ ಗಳಿಕೆ ಮತ್ತು ಸಂಸಾರ, ಅರವತ್ತರವರೆಗೆ ಸಾರ್ವಜನಿಕ ಸೇವೆ, ಆಮೇಲೆ ವಿಶ್ರಾಂತಿ. ನಮ್ಮ ನಾಲ್ಕು ಆಶ್ರಮಗಳನ್ನು ಬಲ್ಲವರಿಗೆ ಇದರಲ್ಲಿ ಹೊಸತೇನೂ ಕಾಣುವುದಿಲ್ಲ. ಆದರೆ ಹಾಗೆ ಬರೆದಿಟ್ಟುಕೊಂಡು ಹಾಗೆಯೇ ನಡೆದವರು ಎಲ್ಲಿಯೂ ಕಡಿಮೆ. ಮೊದಲ ಮಹಾಯುದ್ಧದ ಹೊತ್ತಿಗೆ ಅವರು ಪೇಟೆಯನ್ನು ಬಿಟ್ಟು ಸರ್ಕಾರಿ ಕೆಲಸಕ್ಕೆ ಬಂದರು. ಯುದ್ಧ ಹಣಕಾಸು ನಿಗಮ, ಕೃಷಿ ಸಾಲ ಮಂಡಳಿ, ಕೊನೆಗೆ 1930ರಿಂದ 1933ರವರೆಗೆ ಅಮೆರಿಕದ ಕೇಂದ್ರ ಬ್ಯಾಂಕಾದ ಫೆಡರಲ್ ರಿಸರ್ವ್‌ನ ಮುಖ್ಯಸ್ಥ. ಅದು ಮಹಾ ಆರ್ಥಿಕ ಕುಸಿತದ ಕಾಲ, ಸಾವಿರಾರು ಬ್ಯಾಂಕುಗಳು ಮುಳುಗಿದ ಕಾಲ. ಆಗ ಫೆಡರಲ್ ರಿಸರ್ವ್ ಮಾಡಬೇಕಾದ್ದನ್ನು ಮಾಡಲಿಲ್ಲ ಎಂದು ಅರ್ಥಶಾಸ್ತ್ರಜ್ಞರು ಇಂದಿಗೂ ಕಟುವಾಗಿ ಬರೆಯುತ್ತಾರೆ. ಆ ಹೊಣೆಯಲ್ಲಿ ಮೇಯರ್ ಅವರ ಪಾಲೂ ಇದೆ.

1933ರ ಮೇ ತಿಂಗಳಲ್ಲಿ ಹುದ್ದೆ ಬಿಟ್ಟು ಮನೆಗೆ ಬಂದಾಗ ಅವರಿಗೆ ಐವತ್ತೇಳು ವರ್ಷ. ಎರಡು ವಾರವೂ ಕಳೆದಿರಲಿಲ್ಲ. ಒಂದು ಬೆಳಿಗ್ಗೆ ಮೆಟ್ಟಿಲಿಳಿದು ಬರುತ್ತಾ ಬೆರಳಿನಿಂದ ಧೂಳು ಒರೆಸಿ ನೋಡಿ, ಈ ಮನೆಯ ಕಾರುಬಾರು ಸರಿಯಿಲ್ಲ ಎಂದು ಗೊಣಗಿದರಂತೆ. ಹೆಂಡತಿ ಆಗ್ನೆಸ್, ಹಾಗಾದರೆ ಹೋಗಿ ಆ 'ಪೋಸ್ಟ್' ಕೊಂಡುಕೊಳ್ಳಿ ಎಂದರು. ಕೊಂಡಾದ ಮೇಲೆ ಆ ಸಂಗತಿಯನ್ನು ಮಗಳು ಕ್ಯಾಥರೀನಳಿಗೆ ಹೇಳಲು ಇಬ್ಬರಿಗೂ ಮರೆತೇ ಹೋಗಿತ್ತು. ಆಗ ಹದಿನಾರರ ಹುಡುಗಿಯಾಗಿದ್ದ ಆಕೆ ಮುಂದೆ ತಮ್ಮ ಆತ್ಮಕಥೆಯಲ್ಲಿ ಅದನ್ನು ನೆನೆಸಿಕೊಂಡಿದ್ದಾರೆ.

ಇನ್ನು ಲೆಕ್ಕದ ವಿಷಯ. ಪತ್ರಿಕೆ ವರ್ಷಕ್ಕೆ ಹತ್ತು ಲಕ್ಷ ಡಾಲರಿನ ಆಸುಪಾಸು ನಷ್ಟ ಮಾಡುತ್ತಿತ್ತು. ಅಂದರೆ ಕೊಂಡ ಬೆಲೆಗಿಂತ ಹೆಚ್ಚನ್ನು ವರ್ಷವರ್ಷವೂ ಸುರಿಯಬೇಕಿತ್ತು. ಮುಳುಗುವ ಕಂಪನಿಯಿಂದ ಬೇಗ ಕೈ ತೊಳೆದುಕೊಳ್ಳಬೇಕು ಎಂಬುದು ಷೇರುಪೇಟೆಯ ಮೊದಲ ಪಾಠ. ಅದನ್ನು ಚೆನ್ನಾಗಿ ಬಲ್ಲ ಮನುಷ್ಯ ಸುಮಾರು ಹತ್ತು ವರ್ಷ ಕಾದರು. 1935ರ ಮಾರ್ಚಿನಲ್ಲಿ ಪತ್ರಿಕೆಗೆ ಏಳು ತತ್ವಗಳನ್ನು ಬರೆದುಕೊಟ್ಟರು. ಪತ್ರಿಕೆಯ ಋಣ ಓದುಗರಿಗೆ, ಸಾರ್ವಜನಿಕರಿಗೆ ಹೊರತು ಮಾಲೀಕನ ಖಾಸಗಿ ಹಿತಕ್ಕಲ್ಲ ಎಂಬುದು ಅವುಗಳಲ್ಲಿ ಒಂದು. ಸತ್ಯಕ್ಕಾಗಿ, ಲೋಕಹಿತಕ್ಕಾಗಿ ಬೇಕಾದರೆ ತನ್ನ ಲಾಭವನ್ನು ಕಳೆದುಕೊಳ್ಳಲು ಪತ್ರಿಕೆ ಸಿದ್ಧವಿರಬೇಕು ಎಂಬುದು ಇನ್ನೊಂದು. ಇಂಥ ಮಾತನ್ನು ಯಾರು ಬೇಕಾದರೂ ಬರೆದು ಗೋಡೆಗೆ ತೂಗುಹಾಕಬಹುದು. ಬರೆದ ದಿನವೇ ತನ್ನ ಜೇಬಿನಿಂದ ನಷ್ಟ ತುಂಬುತ್ತಿದ್ದವನ ಮಾತು ಎಂಬ ಕಾರಣಕ್ಕೆ ನನಗೆ ಅದರ ಮೇಲೆ ಗೌರವ.

ಹಾಗೆಂದು ಅವರು ವ್ಯಾಪಾರವನ್ನು ಬಿಟ್ಟುಕೊಡುವವರಲ್ಲ. ಪತ್ರಿಕೆ ಅವರ ಕೈಗೆ ಬರುತ್ತಲೇ ಆಂಡಿ ಗಂಪ್, ಡಿಕ್ ಟ್ರೇಸಿ ಮುಂತಾದ ಜನಪ್ರಿಯ ಚಿತ್ರಕಥೆಗಳನ್ನು ಎದುರಾಳಿ 'ಹೆರಾಲ್ಡ್' ಪತ್ರಿಕೆಯ ಸಿಸ್ಸಿ ಪ್ಯಾಟರ್ಸನ್ ತಮ್ಮ ಕಡೆಗೆ ಎಳೆದುಕೊಂಡರು. ಮಕ್ಕಳು ಓದುವ ಚಿತ್ರಕಥೆಗೆ ಇಷ್ಟು ರಂಪವೇ ಎಂದು ನಿಮಗೆ ಅನ್ನಿಸಬಹುದು. ಮನೆಗೆ ಯಾವ ಪತ್ರಿಕೆ ಬರಬೇಕು ಎಂದು ಆ ಪುಟಗಳೇ ನಿರ್ಧರಿಸುತ್ತಿದ್ದವು. ಮೇಯರ್ ಕೋರ್ಟಿಗೆ ಹೋದರು, ಎರಡು ವರ್ಷದ ಹತ್ತಿರ ಹೊಡೆದಾಡಿ ಗೆದ್ದರು. ಆಗಲೇ ಅಚ್ಚಾಗಿದ್ದ ಭಾನುವಾರದ ಪುಟಗಳನ್ನು ಬಳಸಿಕೊಳ್ಳಲು ಅನುಮತಿ ಕೊಡಿ ಎಂದು ಸಿಸ್ಸಿ ಕೇಳಿದರು. 'ಪೋಸ್ಟ್' ಪತ್ರಿಕೆಯ ಸೌಜನ್ಯದಿಂದ ಎಂದು ಅಚ್ಚು ಹಾಕಿದರೆ ಸರಿ ಎಂದರು ಮೇಯರ್. ಉತ್ತರವಾಗಿ ಬಂದದ್ದು ಹೂವಿನಂಗಡಿಯ ಒಂದು ಡಬ್ಬಿ. ಮೇಲೆ ಆರ್ಕಿಡ್ ಹೂ, ಕೆಳಗೆ ಒಂದು ತುಂಡು ಹಸಿ ಮಾಂಸ. ಸಾಲಕ್ಕೆ ಬದಲಾಗಿ ಒಂದು ಪೌಂಡ್ ಮಾಂಸ ಕೇಳುವ ಶೇಕ್ಸ್‌ಪಿಯರನ ಯಹೂದಿ ಶೈಲಾಕನನ್ನು ಬಲ್ಲ ನಿಮಗೆ ಆ ಮಾಂಸದ ಅರ್ಥವನ್ನು ಬಿಡಿಸಿ ಹೇಳಬೇಕಿಲ್ಲ. ಒಬ್ಬ ಯಹೂದಿಯ ಮನೆಗೆ ಅದನ್ನು ಕಳಿಸಿದ್ದರು.

ಸಂಪಾದಕೀಯ ಪುಟವನ್ನು ಅವರು ಫೀಲಿಕ್ಸ್ ಮಾರ್ಲಿ ಎಂಬ ವಿದ್ವಾಂಸರ ಕೈಗೆ ಕೊಟ್ಟರು. 1936ರಲ್ಲಿ ಮಾರ್ಲಿಗೆ ಪುಲಿಟ್ಜರ್ ಬಹುಮಾನ ಬಂತು. ಆದರೆ ಯುರೋಪಿನಲ್ಲಿ ಯುದ್ಧ ಹೊತ್ತಿಕೊಂಡಾಗ ಅಮೆರಿಕ ಅದಕ್ಕೆ ಇಳಿಯಬಾರದು ಎಂಬುದು ಸಂಪಾದಕರ ನಿಲುವು, ಹಿಟ್ಲರನನ್ನು ತಡೆಯಲೇಬೇಕು ಎಂಬುದು ಮಾಲೀಕರ ನಿಲುವು. 1940ರಲ್ಲಿ ಮಾರ್ಲಿ ಕಾಲೇಜೊಂದರ ಅಧ್ಯಕ್ಷರಾಗಿ ಹೊರಟುಹೋದರು. ಇತಿಹಾಸ ಮೇಯರ್ ಕಡೆಗೆ ನಿಂತಿತು, ನನ್ನ ಮನಸ್ಸೂ ಆ ಕಡೆಗೇ. ಆದರೂ ಇಂಥ ಘಳಿಗೆಯಲ್ಲಿ ಎದ್ದು ಹೊರಡುವವರು ಯಾವಾಗಲೂ ಸಂಪಾದಕರೇ, ಮಾಲೀಕರಲ್ಲ.

ಈ ಮಾತು ನನಗೆ ಪುಸ್ತಕದಿಂದ ಬಂದದ್ದಲ್ಲ. ಬಹಳ ವರ್ಷಗಳ ಹಿಂದೆ ಒಂದು ಪತ್ರಿಕೆಯಲ್ಲಿ ರಾತ್ರಿ ಪಾಳಿಯ ಉಪಸಂಪಾದಕನಾಗಿದ್ದೆ. ಕೆರೆ ಒತ್ತುವರಿಯ ವರದಿಯೊಂದು ಮುಖಪುಟಕ್ಕೆ ಕೂತಿತ್ತು. ಹನ್ನೊಂದು ಗಂಟೆ ದಾಟಿದ ಮೇಲೆ ಫೋನ್ ಬಂತು. ಮುಖ್ಯ ಉಪಸಂಪಾದಕರು ಎರಡು ಸಲ 'ಆಯ್ತು ಸಾರ್' ಎಂದು ರಿಸೀವರ್ ಇಟ್ಟರು. ಪುಟದಿಂದ ಎರಡು ಕಾಲಂ ಕಿತ್ತು ಆ ಜಾಗಕ್ಕೆ ಬಟ್ಟೆ ಅಂಗಡಿಯ ಜಾಹೀರಾತು ಕೂರಿಸಿದೆವು. ವರದಿ ತಂದಿದ್ದ ಹುಡುಗ ಮರುದಿನ ಬಂದು ಏನೂ ಕೇಳಲಿಲ್ಲ. ಅದು ನನಗೆ ಇನ್ನೂ ನೋವು ಕೊಡುತ್ತದೆ.

ಮೇಯರ್ ಅವರ ಮುಂದಿನ ದಿನಗಳನ್ನು ಚುಟುಕಾಗಿ ಹೇಳುತ್ತೇನೆ. ಹತ್ತು ವರ್ಷದಲ್ಲಿ ಪ್ರಸಾರ ಮೂರು ಪಟ್ಟಾಯಿತು. 1946ರಲ್ಲಿ ವಿಶ್ವಬ್ಯಾಂಕಿನ ಮೊದಲ ಅಧ್ಯಕ್ಷರಾಗಿ ಆರು ತಿಂಗಳು ಹೋಗಿ ಬಂದರು. ಪತ್ರಿಕೆಯ ಹೊಣೆಯನ್ನು ಅಳಿಯ ಫಿಲಿಪ್ ಗ್ರಹಾಂಗೆ ಒಪ್ಪಿಸಿದರು. 1948ರಲ್ಲಿ ಮತದ ಹಕ್ಕಿರುವ 5,000 ಷೇರುಗಳಲ್ಲಿ ಅಳಿಯನಿಗೆ 3,500, ಮಗಳಿಗೆ 1,500 ಬರೆದುಕೊಟ್ಟರು. ಗಂಡಸು ಹೆಂಡತಿಯ ಕೈಕೆಳಗೆ ಇರಬಾರದು ಎಂಬುದು ಅದಕ್ಕೆ ಕಾರಣ. ಕಂಪನಿಗಳ ಮೌಲ್ಯವನ್ನು ಅಷ್ಟು ಚೆನ್ನಾಗಿ ಅಳೆಯುತ್ತಿದ್ದವರು ಸ್ವಂತ ಮಗಳನ್ನು ತಪ್ಪಾಗಿ ಅಳೆದರು. 1954ರಲ್ಲಿ 85 ಲಕ್ಷ ಡಾಲರ್ ಕೊಟ್ಟು ಹಳೆಯ ಎದುರಾಳಿ 'ಟೈಮ್ಸ್-ಹೆರಾಲ್ಡ್' ಪತ್ರಿಕೆಯನ್ನು ಕೊಂಡಾಗ ರಾಜಧಾನಿಯ ಬೆಳಗಿನ ಓದುಗರೆಲ್ಲ ಇವರ ಕಡೆಗೆ ಬಂದರು. 1959ರಲ್ಲಿ ಮೇಯರ್ ತೀರಿಕೊಂಡರು. 1963ರಲ್ಲಿ ಫಿಲಿಪ್ ಆತ್ಮಹತ್ಯೆ ಮಾಡಿಕೊಂಡ ಮೇಲೆ ಪತ್ರಿಕೆ ಕ್ಯಾಥರೀನ್ ಕೈಗೆ ಬಂತು.

ಅರ್ಧ ಶತಮಾನದ ನಂತರ, 2013ರಲ್ಲಿ, ಮೇಯರ್ ಕುಟುಂಬ ಈ ಪತ್ರಿಕೆಯನ್ನು ಅಮೆಜಾನ್‌ನ ಜೆಫ್ ಬೆಜೋಸ್‌ಗೆ 25 ಕೋಟಿ ಡಾಲರಿಗೆ ಮಾರಿತು. ಅವರೂ ವಾಲ್‌ಸ್ಟ್ರೀಟಿನ ಹೂಡಿಕೆ ಸಂಸ್ಥೆಯಲ್ಲಿ ದುಡಿದು ಬಂದವರೇ. 2024ರಲ್ಲಿ ಅಧ್ಯಕ್ಷ ಚುನಾವಣೆಯ ಮತದಾನಕ್ಕೆ ಹನ್ನೊಂದು ದಿನವಿರುವಾಗ, ಈ ಸಲ ಯಾವ ಅಭ್ಯರ್ಥಿಯನ್ನೂ ಬೆಂಬಲಿಸುವುದಿಲ್ಲ ಎಂದು ಪತ್ರಿಕೆ ಪ್ರಕಟಿಸಿತು. ಎರಡು ಲಕ್ಷಕ್ಕೂ ಹೆಚ್ಚು ಜನ ಚಂದಾ ಬಿಟ್ಟರು. ಬೆಂಬಲಿಸದೇ ಇರುವುದು ತಪ್ಪಲ್ಲ. ಮೇಯರ್ ಕಾಲದಲ್ಲಿಯೂ 1952ರವರೆಗೆ 'ಪೋಸ್ಟ್' ಯಾರನ್ನೂ ಬೆಂಬಲಿಸಿರಲಿಲ್ಲ. ಈ ತೀರ್ಮಾನ ಸಂಪಾದಕೀಯ ಮಂಡಳಿಯ ಮೇಜಿನಲ್ಲಿ ಆಗಲಿಲ್ಲ, ಮಾಲೀಕನ ಕೋಣೆಯಲ್ಲಿ ಆಯಿತು ಎಂಬುದು ಓದುಗರ ಸಿಟ್ಟು. ಆ ಸಿಟ್ಟು ನ್ಯಾಯವಾದದ್ದು ಎಂದೇ ನಾನು ತಿಳಿದಿದ್ದೇನೆ.

ಈಗ ಪತ್ರಿಕೆ ಕ್ಯಾಥರೀನ್ ಕೈಯಲ್ಲಿದ್ದ 1971ಕ್ಕೆ ಹಿಂದೆ ಹೋಗಿ ಮುಗಿಸುತ್ತೇನೆ. ಆ ಜೂನ್ 15ರಂದು ವಾಷಿಂಗ್ಟನ್ ಪೋಸ್ಟ್ ಕಂಪನಿಯ ಷೇರು ಮೊದಲ ಸಲ ಸಾರ್ವಜನಿಕರಿಗೆ ಬಿಡುಗಡೆಯಾಯಿತು. ಅನಾಹುತವೇನಾದರೂ ಆದರೆ ಷೇರು ಮಾರಾಟದ ಹೊಣೆ ಹೊತ್ತ ಬ್ಯಾಂಕರುಗಳು ಒಪ್ಪಂದದಿಂದ ಹಿಂದೆ ಸರಿಯಬಹುದಿತ್ತು. ಎರಡೇ ದಿನಕ್ಕೆ ವಿಯೆಟ್ನಾಂ ಯುದ್ಧದ ರಹಸ್ಯ ದಾಖಲೆಗಳು, ಪೆಂಟಗನ್ ಪೇಪರ್ಸ್, ಪತ್ರಿಕೆಯ ವರದಿಗಾರರ ಕೈ ಸೇರಿದವು. ಅದೇ ದಾಖಲೆಗಳನ್ನು ಪ್ರಕಟಿಸುತ್ತಿದ್ದ 'ನ್ಯೂಯಾರ್ಕ್ ಟೈಮ್ಸ್'ಗೆ ಕೋರ್ಟಿನ ತಡೆಯಾಜ್ಞೆ ಬಂದಿತ್ತು. ಪ್ರಕಟಿಸಿದರೆ ಮೊಕದ್ದಮೆ, ಷೇರು ವ್ಯವಹಾರಕ್ಕೆ ಪೆಟ್ಟು ಎಂದು ವಕೀಲರು ಎಚ್ಚರಿಸಿದರು. ಪ್ರಕಟಿಸದಿದ್ದರೆ ಸುದ್ದಿಮನೆಯ ನೈತಿಕ ಸ್ಥೈರ್ಯ ಕುಸಿಯುತ್ತದೆ ಎಂದು ಸಂಪಾದಕರು ಪಟ್ಟು ಹಿಡಿದರು. ಆ ಸಂಜೆ ಕ್ಯಾಥರೀನ್ ತಮ್ಮ ಮನೆಯಲ್ಲಿ ನಿವೃತ್ತರಾಗುತ್ತಿದ್ದ ಸಹೋದ್ಯೋಗಿಯೊಬ್ಬರಿಗೆ ಬೀಳ್ಕೊಡುಗೆಯ ಔತಣ ಇಟ್ಟುಕೊಂಡಿದ್ದರು. ಫೋನ್ ಬಂತು. ಒಂದು ಕಡೆ ವಕೀಲರು, ಇನ್ನೊಂದು ಕಡೆ ಸಂಪಾದಕರು, ಹೊರಗೆ ಅತಿಥಿಗಳು. ಆಕೆ ಇಬ್ಬರ ಮಾತನ್ನೂ ಕೇಳಿದರು. ಗಂಟಲು ಕಟ್ಟಿತು. ಹಾಕಿ, ಹಾಕಿಬಿಡಿ ಎಂದು ರಿಸೀವರ್ ಇಟ್ಟರು.