ಐವತ್ತು ಲಕ್ಷದ ಸಾಲ ತೀರುವಾಗ ಎಷ್ಟಾಗಿರುತ್ತದೆ?

ಗೃಹಸಾಲ ಕೇಳಲು ಬ್ಯಾಂಕಿಗೆ ಹೋದವರು ಸಾಮಾನ್ಯವಾಗಿ ಎರಡು ಪ್ರಶ್ನೆ ಕೇಳುತ್ತಾರೆ. ಬಡ್ಡಿ ಎಷ್ಟು? ತಿಂಗಳಿಗೆ ಕಂತು ಎಷ್ಟು ಬೀಳುತ್ತದೆ? ಎರಡಕ್ಕೂ ಉತ್ತರ ಥಟ್ಟನೆ ಸಿಗುತ್ತದೆ. ಕಂತು ಸಂಬಳದಲ್ಲಿ ಹಿಡಿಸುತ್ತದೆ ಎಂದು ಗೊತ್ತಾದರೆ ಅಲ್ಲಿಗೆ ಮಾತು ಮುಗಿಯಿತು, ಸಹಿ ಹಾಕುವುದೊಂದೇ ಬಾಕಿ. ಸಾಲ ತೀರುವ ಹೊತ್ತಿಗೆ ನಮ್ಮ ಕೈಯಿಂದ ಒಟ್ಟು ಎಷ್ಟು ಹೋಗಿರುತ್ತದೆ ಎಂದು ಕೇಳುವವರು ಕಡಿಮೆ. ಇವತ್ತು ಆ ಲೆಕ್ಕವನ್ನೇ ಮಾಡೋಣ. ಪೆನ್ನು, ಕಾಗದ ಹತ್ತಿರದಲ್ಲಿದ್ದರೆ ತೆಗೆದುಕೊಳ್ಳಿ.

ಬೆಂಗಳೂರಿನಲ್ಲೋ ಮೈಸೂರಿನಲ್ಲೋ ಎಪ್ಪತ್ತು ಲಕ್ಷದ ಒಂದು ಫ್ಲ್ಯಾಟು. ಅದಕ್ಕೆ ಐವತ್ತು ಲಕ್ಷ ಸಾಲ, ಬಡ್ಡಿ ವರ್ಷಕ್ಕೆ ಎಂಟೂವರೆ ಪರ್ಸೆಂಟು, ಅವಧಿ 20 ವರ್ಷ ಎಂದಿಟ್ಟುಕೊಳ್ಳಿ. ತಿಂಗಳ ಕಂತು 43,391 ರೂಪಾಯಿ ಬರುತ್ತದೆ. ಅದನ್ನು 240 ತಿಂಗಳಿಂದ ಗುಣಿಸಿ. ಒಂದು ಕೋಟಿ ನಾಲ್ಕು ಲಕ್ಷದ ಮೇಲೆ ಹೋಗುತ್ತದೆ. ಪಡೆದದ್ದು ಐವತ್ತು ಲಕ್ಷ, ಅದರ ಮೇಲೆ ಕಟ್ಟಿದ ಬಡ್ಡಿಯೇ 54 ಲಕ್ಷ.

ಎಂಟೂವರೆ ಎಂದರೆ ಅಂಥ ದೊಡ್ಡ ದರವೇನಲ್ಲ, ಊರಿನ ಕೈಸಾಲಕ್ಕೆ ತಿಂಗಳಿಗೆ ನೂರಕ್ಕೆ ಎರಡು ರೂಪಾಯಿ ಬಡ್ಡಿ ಕೊಟ್ಟವರಿಗೆ ಇದು ಪುಗಸಟ್ಟೆ ಎನ್ನಿಸೀತು. ಹಾಗಾದರೆ ಇಷ್ಟು ದುಡ್ಡು ಎಲ್ಲಿಂದ ಬಂತು? ಉತ್ತರ ಮೊದಲ ತಿಂಗಳ ಕಂತಿನಲ್ಲೇ ಇದೆ. ಬಡ್ಡಿ ಎನ್ನುವುದು ಬ್ಯಾಂಕಿನ ದುಡ್ಡನ್ನು ಇಟ್ಟುಕೊಂಡದ್ದಕ್ಕೆ ಕೊಡುವ ಬಾಡಿಗೆ. ಮೊದಲ ತಿಂಗಳು ಪೂರ್ತಿ ಐವತ್ತು ಲಕ್ಷ ನಿಮ್ಮ ಹತ್ತಿರವೇ ಇರುತ್ತದೆ, ಆದ್ದರಿಂದ ಬಾಡಿಗೆಯೇ 35,417 ರೂಪಾಯಿ ಆಗುತ್ತದೆ. ನೀವು ಕಟ್ಟಿದ 43 ಸಾವಿರ ಚಿಲ್ಲರೆಯಲ್ಲಿ ಅದನ್ನು ಕಳೆದರೆ ಅಸಲಿಗೆ ಹೋಗಿದ್ದು 7,974 ರೂಪಾಯಿ ಮಾತ್ರ. ಮುಂದಿನ ತಿಂಗಳು ಅಸಲು ಅಷ್ಟೇ ತಗ್ಗಿರುತ್ತದೆ, ಬಡ್ಡಿ ಐವತ್ತಾರು ರೂಪಾಯಿ ಕಡಿಮೆಯಾಗುತ್ತದೆ. ಹೀಗೆ ಇರುವೆ ನಡಿಗೆಯಲ್ಲಿ ಸಾಗುತ್ತದೆ.

ಬ್ಯಾಂಕಿನವರನ್ನು ಕೇಳಿದರೆ ಈ 240 ಕಂತುಗಳ ಪಟ್ಟಿಯನ್ನು ಮುದ್ರಿಸಿ ಕೊಡುತ್ತಾರೆ. ಒಂದು ಕಡೆ ಬಡ್ಡಿ, ಇನ್ನೊಂದು ಕಡೆ ಅಸಲು, ಕೊನೆಯಲ್ಲಿ ಬಾಕಿ. ಅದರಲ್ಲಿ ಐದನೇ ವರ್ಷದ ಕೊನೆಯ ಸಾಲನ್ನು ಓದಿ. ಅಷ್ಟು ಹೊತ್ತಿಗೆ ನೀವು 26 ಲಕ್ಷ ಕಟ್ಟಿರುತ್ತೀರಿ. ಬಾಕಿ ಎಷ್ಟು? 44 ಲಕ್ಷ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯನ್ನು ಹಿಂದೆ ಹಾಕುವುದು ಹನ್ನೆರಡನೇ ವರ್ಷದ ಕೊನೆಗೆ. ಅರ್ಧ ಸಾಲ ತೀರುವುದು 166ನೇ ಕಂತಿಗೆ, ಅಂದರೆ 13 ವರ್ಷ 10 ತಿಂಗಳಿಗೆ. ಮೂವತ್ತೆರಡನೇ ವಯಸ್ಸಿನಲ್ಲಿ ಸಾಲ ಮಾಡಿದವರಿಗೆ ಆಗ ನಲವತ್ತಾರು, ಮಗಳು ಪಿಯುಸಿಯಲ್ಲಿ ಇರುವ ಹೊತ್ತು. ಇದರಲ್ಲಿ ಮೋಸವೇನೂ ಇಲ್ಲ, ಬರಿಯ ಲೆಕ್ಕ. ಆದರೆ ಈ ಪಟ್ಟಿಯನ್ನು ನೋಡದೆ ಸಹಿ ಹಾಕಿದವರಿಗೆ ಐದು ವರ್ಷದ ಮೇಲೆ ಬಾಕಿ ನೋಡಿದಾಗ ಬ್ಯಾಂಕು ಮೋಸ ಮಾಡಿತೆಂದೇ ಅನ್ನಿಸುತ್ತದೆ.

ಈಗ ನನಗೆ ಮುಖ್ಯವೆಂದು ತೋರುವ ಸಂಗತಿಗೆ ಬರುತ್ತೇನೆ. ನಾವು ಚೌಕಾಸಿ ಮಾಡುವುದೆಲ್ಲ ಬಡ್ಡಿಯ ಮೇಲೆ. ಆ ಬ್ಯಾಂಕಿನಲ್ಲಿ ಎಂಟೂಕಾಲು, ಈ ಬ್ಯಾಂಕಿನಲ್ಲಿ ಎಂಟೂವರೆ ಎಂದು ನಾಲ್ಕು ಕಡೆ ಅಲೆಯುತ್ತೇವೆ. ಅಲೆಯಬೇಕು, ತಪ್ಪಲ್ಲ. ನಮ್ಮ ಲೆಕ್ಕದಲ್ಲಿ ಆ ಕಾಲು ಪರ್ಸೆಂಟು ಉಳಿಸಿಕೊಡುವುದು ತಿಂಗಳಿಗೆ ಸುಮಾರು 790 ರೂಪಾಯಿ, 20 ವರ್ಷಕ್ಕೆ ಒಂದು ಲಕ್ಷ 90 ಸಾವಿರದಷ್ಟು. ಆಮೇಲೆ ಮೇಜಿನ ಆಚೆ ಕೂತವರು, "ಸಾರ್, 30 ವರ್ಷಕ್ಕೆ ಹಾಕಿಬಿಡೋಣ, ಕಂತು ಹಗುರವಾಗುತ್ತೆ" ಎನ್ನುತ್ತಾರೆ. ಕಂತು 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ ಐದು ಸಾವಿರ ಉಳಿಯಿತಲ್ಲ ಎಂದು ನಾವೂ ತಲೆಯಾಡಿಸುತ್ತೇವೆ. ಆ ಒಂದು ತಲೆಯಾಡಿಸುವಿಕೆಯ ಬೆಲೆ 34 ಲಕ್ಷ. ಬಡ್ಡಿ 54 ಲಕ್ಷದಿಂದ 88 ಲಕ್ಷಕ್ಕೆ ಏರುತ್ತದೆ. ಕಾಲು ಪರ್ಸೆಂಟಿಗೆ ಒಂದು ವಾರ ಅಲೆದವರು ಹತ್ತು ವರ್ಷದ ಅವಧಿಯನ್ನು ಅರ್ಧ ನಿಮಿಷದಲ್ಲಿ ಒಪ್ಪಿಕೊಂಡಿರುತ್ತಾರೆ. ಅದೇ 15 ವರ್ಷಕ್ಕೆ ತೀರಿಸುವ ಶಕ್ತಿಯಿದ್ದರೆ ಕಂತು 49 ಸಾವಿರ, ಒಟ್ಟು ಬಡ್ಡಿ 39 ಲಕ್ಷದೊಳಗೆ ಮುಗಿಯುತ್ತದೆ. ಗೃಹಸಾಲದಲ್ಲಿ ದುಬಾರಿಯಾದದ್ದು ದರಕ್ಕಿಂತ ಹೆಚ್ಚಾಗಿ ಅವಧಿ.

ಈ ಅವಧಿ ನಾವು ಒಪ್ಪಿದಷ್ಟೇ ಉಳಿಯುತ್ತದೆ ಎಂದೂ ಇಲ್ಲ. ನಮ್ಮಲ್ಲಿ ಹೆಚ್ಚಿನ ಗೃಹಸಾಲಗಳು ಫ್ಲೋಟಿಂಗ್, ಅಂದರೆ ದರ ಏರಿಳಿಯುವ ಸಾಲಗಳು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡುವ ಇಂಥ ಹೊಸ ಸಾಲಗಳ ಬಡ್ಡಿಯನ್ನು ಹೊರಗಿನ ಒಂದು ಅಳತೆಗೆ ಜೋಡಿಸಬೇಕು. ಹೆಚ್ಚಿನ ಬ್ಯಾಂಕುಗಳು ರಿಸರ್ವ್ ಬ್ಯಾಂಕು ತಮಗೆ ಸಾಲ ಕೊಡುವ ದರಕ್ಕೆ, ಅಂದರೆ ರೆಪೊ ದರಕ್ಕೇ ಜೋಡಿಸಿವೆ. ಕೋವಿಡ್ ಕಾಲದಲ್ಲಿ ರೆಪೊ ದರ ನಾಲ್ಕು ಪರ್ಸೆಂಟಿಗೆ ಇಳಿದಿತ್ತು. 2022ರ ಮೇ ತಿಂಗಳಲ್ಲಿ ಏರತೊಡಗಿ 2023ರ ಫೆಬ್ರವರಿ ಹೊತ್ತಿಗೆ ಆರೂವರೆ ಮುಟ್ಟಿತು. ಹತ್ತು ತಿಂಗಳೊಳಗೆ ಎರಡೂವರೆ ಪರ್ಸೆಂಟು.

ಅದಕ್ಕೆ ಮೊದಲು, 2021ರಲ್ಲಿ ಆರೂಮುಕ್ಕಾಲು ಬಡ್ಡಿಗೆ ಐವತ್ತು ಲಕ್ಷ ತೆಗೆದುಕೊಂಡವರ ಪಾಡು ನೋಡಿ. 20 ವರ್ಷಕ್ಕೆ ಕಂತು 38,018 ರೂಪಾಯಿ. ಒಂದು ವರ್ಷ ಕಟ್ಟಿದ ಮೇಲೆ ಬಾಕಿ 48 ಲಕ್ಷ 77 ಸಾವಿರ. ಲೆಕ್ಕ ಸುಲಭವಾಗಲೆಂದು, ಏರಿಕೆಯೆಲ್ಲ ಆಗಲೇ ಒಟ್ಟಿಗೆ ಬಂತು ಎಂದುಕೊಳ್ಳೋಣ. ಬಡ್ಡಿ ಒಂಬತ್ತೂಕಾಲು. ಒಂದು ತಿಂಗಳ ಬಡ್ಡಿಯೇ 37,597 ರೂಪಾಯಿ. ಕಂತನ್ನು ಹಾಗೆಯೇ ಬಿಟ್ಟರೆ ಅಸಲಿಗೆ ಹೋಗುವುದು 420 ರೂಪಾಯಿ. ಹೌದು, ನಾನ್ನೂರಾ ಇಪ್ಪತ್ತು. ಆ ಗತಿಯಲ್ಲಿ ಸಾಲ ತೀರಲು ಇನ್ನೂ 48 ವರ್ಷಕ್ಕೂ ಹೆಚ್ಚು ಬೇಕು. ನಿವೃತ್ತಿಯ ವಯಸ್ಸು ದಾಟಿ ಅಷ್ಟು ದೂರ ಯಾವ ಬ್ಯಾಂಕೂ ಬಿಡುವುದಿಲ್ಲ, ಎಲ್ಲೋ ಒಂದು ಕಡೆ ಕಂತನ್ನು ಏರಿಸಲೇಬೇಕು. ಆದರೆ ಆ ದಿನಗಳಲ್ಲಿ ಎಷ್ಟೋ ಮನೆಗಳಲ್ಲಿ ಕಂತು ಬದಲಾಗಲಿಲ್ಲ, ಅವಧಿ ಮಾತ್ರ ಸದ್ದಿಲ್ಲದೆ ಉದ್ದವಾಯಿತು. ತಿಂಗಳ ಐದನೇ ತಾರೀಕು ಖಾತೆಯಿಂದ ಅದೇ ಮೊತ್ತ ಕಳೆಯುತ್ತಿದ್ದದ್ದರಿಂದ ಏನೂ ಆಗಿಲ್ಲವೆಂದೇ ಜನ ತಿಳಿದಿದ್ದರು.

ಇದನ್ನು ನೋಡಿಯೇ ರಿಸರ್ವ್ ಬ್ಯಾಂಕು 2023ರ ಆಗಸ್ಟಿನಲ್ಲಿ ಒಂದು ಸುತ್ತೋಲೆ ಹೊರಡಿಸಿತು. ದರ ಬದಲಾದರೆ ಕಂತಿನ ಮೇಲೆ, ಅವಧಿಯ ಮೇಲೆ ಏನು ಪರಿಣಾಮ ಎಂದು ಸಾಲಗಾರರಿಗೆ ತಿಳಿಸಬೇಕು, ಕಂತು ಹೆಚ್ಚಿಸಬೇಕೋ ಅವಧಿ ಹೆಚ್ಚಿಸಬೇಕೋ ಎರಡೂ ಸ್ವಲ್ಪ ಸ್ವಲ್ಪವೋ ಎಂಬ ಆಯ್ಕೆಯನ್ನು ಅವರಿಗೆ ಬಿಡಬೇಕು. ಹಾಗಾಗಿ ದರ ಏರಿದಾಗ ನೀವೇ ಹೋಗಿ ಕೇಳಬಹುದು, ನನ್ನ ಸಾಲ ಈಗ ಯಾವ ಇಸವಿಗೆ ತೀರುತ್ತದೆ ಎಂದು. ಕೈಲಾದರೆ ಕಂತನ್ನೇ ಏರಿಸಿಕೊಳ್ಳಿ. 2025ರಲ್ಲಿ ರೆಪೊ ದರ ಮತ್ತೆ ಇಳಿಯಿತು, ಫೆಬ್ರವರಿಯಿಂದ ಡಿಸೆಂಬರ್‌ವರೆಗೆ ಆರೂವರೆಯಿಂದ ಐದೂಕಾಲಿಗೆ. ಇಳಿದಾಗ ಕಂತು ಇಳಿಸಿಕೊಳ್ಳುವ ಆಸೆ ಸಹಜ. ಕಂತನ್ನು ಮುಟ್ಟದೆ ಅವಧಿಯನ್ನು ಇಳಿಯಲು ಬಿಟ್ಟರೆ ಲಾಭ ಬಹಳ ದೊಡ್ಡದು. ಇನ್ನೊಂದು ಮಾತು: ಈ ರೆಪೊ ಜೋಡಣೆಯ ನಿಯಮ ಬ್ಯಾಂಕುಗಳಿಗೆ, ಹೌಸಿಂಗ್ ಫೈನಾನ್ಸ್ ಕಂಪನಿಗಳಿಗಲ್ಲ. ಹತ್ತು ವರ್ಷದ ಹಿಂದೆ ಬ್ಯಾಂಕಿನಲ್ಲೇ ಸಾಲ ತೆಗೆದವರು ಕೂಡ ಇನ್ನೂ ಹಳೆಯ ಪದ್ಧತಿಯ ದರದಲ್ಲೇ ಇರಬಹುದು. ಹೊಸದಕ್ಕೆ ಬದಲಾಯಿಸಿಕೊಳ್ಳಲು ತಗಲುವ ಶುಲ್ಕ ಎಷ್ಟೆಂದು ಒಮ್ಮೆ ವಿಚಾರಿಸಿ.

ಸಾಲದ ಹೊರಗಿನ ಖರ್ಚುಗಳೂ ಇವೆ. ಕರ್ನಾಟಕದ ನಗರಗಳಲ್ಲಿ 45 ಲಕ್ಷ ಮೀರಿದ ಆಸ್ತಿಗೆ ಮುದ್ರಾಂಕ ಶುಲ್ಕ, ಸೆಸ್ಸು, ಸರ್ಚಾರ್ಜು ಸೇರಿ 5.6 ಪರ್ಸೆಂಟು. ನೋಂದಣಿ ಶುಲ್ಕ ಒಂದು ಪರ್ಸೆಂಟು ಇದ್ದದ್ದು 2025ರ ಆಗಸ್ಟ್ 31ರಿಂದ ಎರಡಾಗಿದೆ. ಎಪ್ಪತ್ತು ಲಕ್ಷದ ಫ್ಲ್ಯಾಟಿಗೆ ಇದೇ ಐದು ಲಕ್ಷದ ಮೇಲಾಯಿತು, ಇದಕ್ಕೆ ಬ್ಯಾಂಕು ಸಾಮಾನ್ಯವಾಗಿ ಗೃಹಸಾಲ ಕೊಡುವುದಿಲ್ಲ. ಕೈಯಿಂದಲೇ ಹಾಕಬೇಕು. ಕೈಯಲ್ಲಿಲ್ಲದವರು ಪರ್ಸನಲ್ ಲೋನ್ ತೆಗೆದು ತುಂಬುತ್ತಾರೆ, ಅಲ್ಲಿ ಬಡ್ಡಿ ಇನ್ನೂ ಜಾಸ್ತಿ.

ವಿಮೆಯ ವಿಷಯದಲ್ಲಿ ಕಣ್ಣು ತೆರೆದಿರಿ. ಸಾಲಗಾರ ತೀರಿಕೊಂಡರೆ ಮನೆಯವರ ತಲೆಯ ಮೇಲೆ ಸಾಲ ಬೀಳದಿರಲು ವಿಮೆ ಬೇಕು, ಅದು ನಿಜ. ಆದರೆ ಒಂದೂವರೆ ಲಕ್ಷದ ಒಂದೇ ಕಂತಿನ ಪ್ರೀಮಿಯಮ್ಮನ್ನು ಸಾಲಕ್ಕೇ ಸೇರಿಸಿಬಿಟ್ಟರೆ ಅದಕ್ಕೂ 20 ವರ್ಷ ಬಡ್ಡಿ ಓಡುತ್ತದೆ, ಕೊನೆಗೆ ಮೂರು ಲಕ್ಷ ದಾಟಿರುತ್ತದೆ. ಪ್ರತ್ಯೇಕವಾಗಿ ಟರ್ಮ್ ಪಾಲಿಸಿ ಮಾಡಿಸಿದರೆ ಎಷ್ಟು ಬೀಳುತ್ತದೆ ಎಂದು ಹೋಲಿಸಿ ನೋಡದೆ ಒಪ್ಪಬೇಡಿ.

ತೆರಿಗೆ ಉಳಿಯುತ್ತದಲ್ಲ ಎನ್ನುವವರಿಗೆ ಒಂದು ಮಾತು. ನಮ್ಮ ಉದಾಹರಣೆಯಲ್ಲಿ ಮೊದಲ ವರ್ಷದ ಬಡ್ಡಿ ನಾಲ್ಕು ಲಕ್ಷ 21 ಸಾವಿರ. ಹಳೆಯ ತೆರಿಗೆ ಪದ್ಧತಿಯಲ್ಲಿ, ವಾಸದ ಮನೆಗೆ ಅದರಲ್ಲಿ ಎರಡು ಲಕ್ಷಕ್ಕೆ ಮಾತ್ರ ವಿನಾಯಿತಿ. ಮೇಲಿನ ಹಂತದ ತೆರಿಗೆ ಕಟ್ಟುವವರಿಗೂ ಉಳಿಯುವುದು ಅರವತ್ತು ಸಾವಿರದ ಆಸುಪಾಸು. ಹೊಸ ಪದ್ಧತಿಯಲ್ಲಿ ವಾಸದ ಮನೆಯ ಬಡ್ಡಿಗೆ ಆ ವಿನಾಯಿತಿಯೇ ಇಲ್ಲ. ತೆರಿಗೆ ಉಳಿಸಲೆಂದೇ ಸಾಲವನ್ನು ಎಳೆಯುವುದು ನನಗಂತೂ ಅರ್ಥವಾಗದ ಜಾಣತನ.

ಹಾಗೆಂದು ಕಟ್ಟಿದ ಬಡ್ಡಿಯೆಲ್ಲ ನಷ್ಟ ಎಂದು ಬರೆದಿಡುವುದೂ ಸರಿಯಲ್ಲ. ಬೆಲೆಗಳು ವರ್ಷಕ್ಕೆ ಐದು ಪರ್ಸೆಂಟಿನಂತೆ ಏರುತ್ತ ಹೋದರೆ 20ನೇ ವರ್ಷದ ಕೊನೆಯಲ್ಲಿ ಕಟ್ಟುವ 43 ಸಾವಿರದ ಬೆಲೆ ಇವತ್ತಿನ 16 ಸಾವಿರದಷ್ಟು. ಸಂಬಳ ಏರುತ್ತದೆ, ಕಂತು ನಿಂತಲ್ಲೇ ನಿಂತಿರುತ್ತದೆ. ಸ್ವಂತ ಮನೆಯಲ್ಲಿದ್ದಷ್ಟು ದಿನ ಬಾಡಿಗೆ ಉಳಿಯುತ್ತದೆ. ಮಾಲೀಕರು ಹನ್ನೊಂದು ತಿಂಗಳಿಗೊಮ್ಮೆ ಕರಾರು ಬದಲಿಸಿ ಎನ್ನುವ ಕಾಟವೂ ಇಲ್ಲ. ಇದನ್ನೆಲ್ಲ ಲೆಕ್ಕಕ್ಕೆ ಹಿಡಿದ ಮೇಲೆಯೇ ಸಾಲ ದುಬಾರಿಯೋ ಅಲ್ಲವೋ ಹೇಳಬೇಕು. ನಾನು ಸಾಲ ಬೇಡ ಎನ್ನುತ್ತಿಲ್ಲ. ಮೊದಲೆಲ್ಲ ನೌಕರಿಯವರು ಪಿಎಫ್ ಹಣ ಕೈಗೆ ಬಂದ ಮೇಲೆ ಮನೆ ಕಟ್ಟಿಸುತ್ತಿದ್ದರು, ಗೃಹಪ್ರವೇಶದ ಹೊತ್ತಿಗೆ ತಲೆ ಹಣ್ಣಾಗಿರುತ್ತಿತ್ತು. 1977ರಲ್ಲಿ ಮುಂಬಯಿಯಲ್ಲಿ ಹಸ್ಮುಖ್‌ಭಾಯಿ ಪಾರೇಖ್ ಎಚ್‌ಡಿಎಫ್‌ಸಿ ಎಂಬ ಗೃಹಸಾಲ ಸಂಸ್ಥೆಯನ್ನು ಶುರುಮಾಡಿದ್ದು ಇದನ್ನು ತಪ್ಪಿಸಲೆಂದೇ. ದುಡಿಯುವ ವಯಸ್ಸಿನಲ್ಲೇ ಮನೆ ಸಿಗುವುದು ಸಣ್ಣ ಸಂಗತಿಯಲ್ಲ.

ಹಾಗಾದರೆ ಭಾರ ಇಳಿಸುವ ದಾರಿ? ಮುಂಚಿತವಾಗಿ ಕಟ್ಟುವುದು, ಅದರಲ್ಲೂ ಮೊದಲ ವರ್ಷಗಳಲ್ಲಿ. ಅದೇ ಐವತ್ತು ಲಕ್ಷದ ಸಾಲಕ್ಕೆ ಮೊದಲ ವರ್ಷದ ಕೊನೆಯಲ್ಲಿ ಒಂದು ಲಕ್ಷ ಹೆಚ್ಚಿಗೆ ಕಟ್ಟಿ ಕಂತನ್ನು ಹಾಗೆಯೇ ಇಟ್ಟರೆ ಮುಂದೆ ಸುಮಾರು ಮೂರು ಲಕ್ಷ 80 ಸಾವಿರ ಬಡ್ಡಿ ಉಳಿಯುತ್ತದೆ. ಅದೇ ಒಂದು ಲಕ್ಷವನ್ನು ಹದಿನೈದನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು ಐವತ್ತು ಸಾವಿರ. ಪ್ರತಿ ವರ್ಷ ಬೋನಸ್ಸಿನಿಂದಲೋ ಅಡಿಕೆ, ಕಾಫಿ ಮಾರಿದ ದುಡ್ಡಿನಿಂದಲೋ ಒಂದು ಕಂತು ಹೆಚ್ಚಿಗೆ ಕಟ್ಟುತ್ತ ಬಂದರೆ ಸಾಲ ಅವಧಿಗಿಂತ ಮೂರು ವರ್ಷಕ್ಕೂ ಹೆಚ್ಚು ಮೊದಲೇ ತೀರುತ್ತದೆ, ಹತ್ತು ಲಕ್ಷಕ್ಕೂ ಹೆಚ್ಚು ಉಳಿಯುತ್ತದೆ. ವ್ಯಕ್ತಿಗಳು ಪಡೆದ ಫ್ಲೋಟಿಂಗ್ ಗೃಹಸಾಲಕ್ಕೆ ಹೀಗೆ ಮುಂಚೆ ಕಟ್ಟಿದರೆ ಬ್ಯಾಂಕು ದಂಡ ಹಾಕುವಂತಿಲ್ಲ ಎಂಬ ನಿಯಮ 2012ರಿಂದ ಇದೆ. ಏಳು ಪರ್ಸೆಂಟಿನ ಠೇವಣಿಯಲ್ಲಿ ತೆರಿಗೆ ಕಳೆದು ಐದು ಗಳಿಸುತ್ತ, ಇತ್ತ ಎಂಟೂವರೆ ಬಡ್ಡಿ ಕಟ್ಟುವವರು ಬೇಕಾದಷ್ಟಿದ್ದಾರೆ. ಆರು ತಿಂಗಳ ಕಂತಿಗೆ, ಮನೆಖರ್ಚಿಗೆ ಆಗುವಷ್ಟನ್ನು ಇಟ್ಟುಕೊಂಡು ಉಳಿದದ್ದನ್ನು ಸಾಲಕ್ಕೆ ಹಾಕುವುದು ಲೇಸು. ಕಟ್ಟುವಾಗ ಅವಧಿ ಇಳಿಸಿ ಎಂದು ಬರೆದುಕೊಡಿ, ಇಲ್ಲದಿದ್ದರೆ ಕಂತು ಇಳಿಸಿಬಿಟ್ಟಾರು.

ಸಹಿ ಹಾಕುವ ಮುನ್ನ ಕೇಳಿ ಪಡೆಯಬೇಕಾದ ಕಾಗದ ಒಂದಿದೆ, ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್. 2024ರ ಅಕ್ಟೋಬರ್‌ನಿಂದ ಇದು ಕಡ್ಡಾಯ. ಶುಲ್ಕಗಳನ್ನೆಲ್ಲ ಸೇರಿಸಿದ ನಿಜವಾದ ವಾರ್ಷಿಕ ದರ, ಕಂತುಗಳ ಪೂರ್ತಿ ಪಟ್ಟಿ, ಎರಡೂ ಅದರಲ್ಲಿರುತ್ತವೆ. ಸಾಲ ಪಡೆಯುವವರಿಗೆ ಅರ್ಥವಾಗುವ ಭಾಷೆಯಲ್ಲಿ ಕೊಡಬೇಕೆಂದು ನಿಯಮವೇ ಹೇಳುತ್ತದೆ. ಕನ್ನಡದಲ್ಲಿ ಕೊಡಿ ಎಂದು ಕೇಳಲು ಸಂಕೋಚ ಬೇಡ.

ಇನ್ನು ಕೊನೆಯ ಕಂತು ಕಟ್ಟಿದ ಮೇಲಿನ ಕೆಲಸ. ಬ್ಯಾಂಕಿನಿಂದ ಬಾಕಿಯಿಲ್ಲವೆಂಬ ಪತ್ರ ತೆಗೆದುಕೊಳ್ಳಿ. ಸಾಲ ಪೂರ್ತಿ ತೀರಿದ 30 ದಿನದೊಳಗೆ ಮೂಲ ಕ್ರಯಪತ್ರ ಮತ್ತು ಉಳಿದ ದಾಖಲೆಗಳನ್ನು ಬ್ಯಾಂಕು ಹಿಂದಿರುಗಿಸಬೇಕು. ತನ್ನ ತಪ್ಪಿನಿಂದ ತಡಮಾಡಿದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. ಸಾಲದ ಕರಾರು ಉಪನೋಂದಣಿ ಕಚೇರಿಯಲ್ಲಿ ನೋಂದಣಿಯಾಗಿದ್ದರೆ ಅಲ್ಲಿ ಋಣಮುಕ್ತಿ ಪತ್ರವನ್ನೂ ನೋಂದಾಯಿಸಿ, ಆಮೇಲೆ ಹೊಸದಾಗಿ ಒಂದು ಇಸಿ, ಅಂದರೆ ಋಣಭಾರ ಪ್ರಮಾಣಪತ್ರ, ತೆಗೆಸಿ ನೋಡಿ. ಋಣಮುಕ್ತಿ ದಾಖಲಾಗದೆ ಬ್ಯಾಂಕಿನ ಹೆಸರು ಅದರಲ್ಲಿ ಹಾಗೆಯೇ ಉಳಿದಿದ್ದರೆ ನಾಳೆ ಮನೆ ಮಾರಲು ಹೊರಟಾಗ ಕೊಳ್ಳುವವರ ವಕೀಲರು ಮೊದಲು ಬೆರಳಿಡುವುದು ಅದರ ಮೇಲೆಯೇ.